ಮಂಛಾಮಾಸಿಯ ಕೊನೆಯ ಮಾತು

ಪ್ರೀತಿಯ ಅಪ್ಪ,

ನಿಮ್ಮ ಮೇಲೆ ನನಗೆ ಕೋಪವಿದೆ, ಮೊದಲೇ ಹೇಳಿಬಿಡುತ್ತೇನೆ. ಆಸ್ಪತ್ರೆಗೆ ಹೊರಡುವಾಗ ಕಪಾಟಿನ ಬೀಗದ ಕೈ ಕೊಟ್ಟಿರಿ, ರೇಷನ್ ಕಾರ್ಡ್ ಎಲ್ಲಿದೆ ಎಂದು ತಿಳಿಸಿದಿರಿ. ಮಂಛಾಮಾಸಿಯ ನಾಟಕ ಅರ್ಧಕ್ಕೇ ನಿಂತಿದೆ ಅಂತ ಒಂದು ಮಾತು ಹೇಳಬಾರದಿತ್ತೇ?

ಮಣಿನಗರದ ಮನೆಗೆ ವಿಮಾ ಕಚೇರಿಯಿಂದ ಬಂದವರೇ ನೀವು ಬರೆಯಲು ಕೂರುತ್ತಿದ್ದಿರಿ. ಟೀವಿ ಕೇಂದ್ರಕ್ಕೆ ನಾಟಕ ಬರೆಯುವವರೂ ನೀವೇ, ಬೊಂಬೆ ಆಡಿಸುವವರೂ ನೀವೇ, ಸೀರೆ ಉಟ್ಟು ಮಂಛಾಮಾಸಿಯಾಗುವವರೂ ನೀವೇ. ಅಹಮದಾಬಾದಿನವರೇ ತಲೆದೂಗುವ ಗುಜರಾತಿ ನಿಮ್ಮದು. ಬರೆಯಲು ಮಾತ್ರ ಬರುತ್ತಿರಲಿಲ್ಲ. ಗುಜರಾತಿ ಮಾತನ್ನೆಲ್ಲ ಕನ್ನಡ ಅಕ್ಷರದಲ್ಲಿ ಗೀಚಿ, ಕೈಬರಹ ಕೆಟ್ಟದೆಂದು ನೆಪ ಹೇಳಿ, ಕೇಂದ್ರದ ಟೈಪಿಸ್ಟಿಗೆ ಓದಿ ಬರೆಸುತ್ತಿದ್ದಿರಿ. “ಯಾರಿಗೂ ತೋರಿಸ್ಬೇಡ ಮಗಳೇ, ಬರೀಲಿಕ್ಕೆ ಬರುದಿಲ್ಲ ಅಂತ ಗೊತ್ತಾದ್ರೆ ಮತ್ತೆ ಕರೀಲಿಕ್ಕಿಲ್ಲ.” ನನಗೆ ಕನ್ನಡ ಓದಲು ಕಲಿಸಿದ್ದೂ ಆ ಹಾಳೆಗಳಿಂದಲೇ.

ನೀವು ತೀರಿಕೊಂಡ ಹದಿಮೂರನೆಯ ದಿನ ಕಳೆದ ಮೇಲೆ ನಿಮ್ಮ ನಿರ್ಮಾಪಕರು ದವೆ ಸಾಹೇಬರು ಮನೆಗೆ ಬಂದರು. ಹಾಳೆಗಳನ್ನು ತಿರುವಿ ಮುರುವಿ ನೋಡಿ, ಇದೇನು ಲಿಪಿ ಎಂದು ಕೇಳಿದರು. ಗುರುವಾರ ರೆಕಾರ್ಡಿಂಗ್, ಓದುವವರಿಲ್ಲದಿದ್ದರೆ ಬೇರೆಯವರ ನಾಟಕವಂತೆ. ನಿಮ್ಮ ಗುಟ್ಟು ಹೇಳಿಬಿಟ್ಟೆ. ತಪ್ಪಾಯಿತೇ? ಅವರು ನಗಲಿಲ್ಲ. ನಾಳೆ ನೀನೇ ಬಂದು ಓದು ಎಂದರು.

ಕೇಂದ್ರದ ಆ ಕೋಣೆಯಲ್ಲಿ ನಾನು ಓದಿದಂತೆ ಟೈಪಿಸ್ಟ್ ಬಡಿಯುತ್ತಾ ಹೋದರು. ವಟ್ವಾದ ಬಣ್ಣದ ಕಾರ್ಖಾನೆಯಿಂದ ಬಂದ ಮಗ ಕೈ ತೊಳೆಯದೆ ಸಜ್ಜೆಯ ರೋಟ್ಲಾ ಮುರಿಯುತ್ತಾನೆ, ಮಾಸಿ ಸೆರಗು ಬಿಗಿದು ಬಾಯಿ ತೆರೆಯುತ್ತಾಳೆ. ಅಲ್ಲಿಗೆ ನಿಮ್ಮ ಅಕ್ಷರ ಮುಗಿದಿತ್ತು. ಮುಂದೆಲ್ಲ ಖಾಲಿ. “ಆಗಳ್ ವಾಂಚ್, ಬೇಟಾ,” ಮುಂದೆ ಓದು ಎಂದರು ಸಾಹೇಬರು. ನಿಲ್ಲಿಸಿದರೆ ನಿಮ್ಮ ನಾಟಕ...

ನಿಲ್ಲಿಸಲಿಲ್ಲ ಅಪ್ಪ. ಓದಿ ಮುಗಿಸಿದ ಸಾಲುಗಳ ಮೇಲೇ ಮತ್ತೆ ಬೆರಳು ಸರಿಸುತ್ತಾ, ಅಲ್ಲಿಲ್ಲದ ಮಾತು ಓದಿದೆ. ಕೈ ತೊಳೆಯದಿದ್ದರೆ ನಾಳೆ ಕಾರ್ಖಾನೆಗೇ ಬಂದು ಎಲ್ಲರೆದುರು ನಿನ್ನ ಬಾಯಿಗೆ ತುತ್ತಿಡುತ್ತೇನೆ ಎಂದಳು ಮಾಸಿ. ಮಗ ನಲ್ಲಿಗೆ ಓಡಿದ. ಪಕ್ಕದಲ್ಲೇ ನಿಂತಿದ್ದರೂ ಯಾರಿಗೂ ಅನುಮಾನ ಬರಲಿಲ್ಲ. ಓದಿದ ಸಾಲು ಯಾವುದು, ಓದದ ಸಾಲು ಯಾವುದು, ಕನ್ನಡ ಬಾರದ ಅವರಿಗೇನು ಗೊತ್ತು?

ಮೊನ್ನೆ ಪ್ರಸಾರವಾಯಿತು. ನಿಮ್ಮ ಸೀರೆಯನ್ನು ಬೇರೊಬ್ಬ ನಟ ಉಟ್ಟಿದ್ದರು, ಬರೆದವರೆಂದು ನಿಮ್ಮ ಹೆಸರೇ ಬಂತು. ಅಕ್ಕಪಕ್ಕದವರೆಲ್ಲ ನಮ್ಮ ಮನೆಯಲ್ಲೇ. ಇದು ಅವರ ಮಾತಲ್ಲ ಎಂದು ಯಾರಾದರೂ ಅಂದಾರೋ ಎಂಬ ಹೆದರಿಕೆಗೆ ನಾನು ಅಡುಗೆಮನೆ ಬಿಟ್ಟು ಹೊರಬರಲಿಲ್ಲ. ತುತ್ತಿನ ಮಾತಿಗೆ ಎಲ್ಲರೂ ನಕ್ಕರು. ನೀವು ಹೋದಮೇಲೆ ಮೊದಲ ಸಲ ಅಮ್ಮನೂ ನಕ್ಕಳು. ಆಮೇಲೆ ಕಣ್ಣೊರೆಸಿಕೊಂಡು, “ಇದು ನಿನ್ನ ಅಪ್ಪಂದೇ ಮಾತು ನೋಡು, ಬೇರೆ ಯಾರಿಗೂ ಬರ್ಲಿಕ್ಕಿಲ್ಲ” ಅಂದಳು.

ಅವಳಿಗೆ ನಾನು ಹೇಳುವುದಿಲ್ಲ, ಅಪ್ಪ. ನೀವೂ ಹೇಳಬೇಡಿ.