ಚಿದ್ರಿ ರೇಡಿಯೋ ಮುಚ್ಚಿದ ಮೇಲೆ

ಔರಾದ
೧೨ ಜೂನ್ ೧೯೫೯

ಪ್ರೀತಿಯ ಗೌಹರ,

ನಿನ್ನ ಕಾಗದ ಮುಟ್ಟಿ ಹದಿನೈದು ದಿನವಾಯಿತು. ಲಕೋಟೆ ಒಡೆದಾಗ ಮೊದಲು ಕಂಡದ್ದು ನಿನ್ನ ಅಕ್ಷರ. ಕನ್ನಡ! ದುಂಡಗೆ, ಒಂದು ಕಾಗುಣಿತವೂ ತಪ್ಪದೆ. ಹೈದರಾಬಾದಿನ ನಿನ್ನ ಖಾಲಾನ ಮನೆಯಲ್ಲಿ ಕೂತು ಯಾರ ಮೇಲಿನ ಹಟಕ್ಕೆ ಕಲಿತೆಯೋ. ಓದಿಸುವ ರೇಡಿಯೋ ಈಗ ಇಲ್ಲ.

ನೀನು ಕೇಳಿದ್ದು ಎರಡೇ ಸಾಲು. ಖುಲಾ ಪಡೆದು ಮುನೀರೋದ್ದೀನನಿಂದ ಬೇರೆಯಾಗುತ್ತೇನೆ, ಹಿರಿಯರು ಕಾರಣ ಕೇಳುತ್ತಿದ್ದಾರೆ, ಸಾಹೇಬರಿಗೆ ಚಾಡಿ ಹೇಳಿ ನನ್ನ ನೌಕರಿ ಕಳೆದವನು ಗಂಡನೇ ಎಂದು ನೀನು ಬರೆದುಕೊಡು ಎಂದಿದ್ದೀ. ಆ ಎರಡು ಸಾಲು ಬರೆಯಲಾರದೆ ಈ ಉದ್ದನೆಯ ಕಾಗದ ಬರೆಯುತ್ತಿದ್ದೇನೆ.

ಚಿದ್ರಿಯ ರೇಡಿಯೋ ಕೇಂದ್ರದ ಆ ಎರಡು ಕೋಣೆಗಳನ್ನು ನೀನು ಹೇಗೆ ನೆನಪಿಟ್ಟುಕೊಂಡಿದ್ದೀಯೋ ತಿಳಿಯದು. ನನಗೆ ಅದು ಬರೀ ನೌಕರಿಯಾಗಿರಲಿಲ್ಲ. ಐವತ್ತೊಂದರಲ್ಲಿ ಹಳ್ಳಿಯವರಿಗೆಂದು ಬೀದರ ದಿಹಾತಿ ರೇಡಿಯೋ ಶುರುವಾದಾಗ ನನ್ನ ಗಂಡ ಸತ್ತು ಒಂದು ವರ್ಷ. ಭಾಲ್ಕಿಯ ಅತ್ತೆಮನೆಯಲ್ಲಿ ನನ್ನ ದನಿ ಹೊಸ್ತಿಲು ದಾಟುವಂತಿರಲಿಲ್ಲ. ಅದೇ ದನಿ ಸಂಜೆ ಆರಕ್ಕೆ ಕಂಬವೇರಿ ಮೂರು ತಾಲೂಕಿಗೆ ಹೋಗುತ್ತಿತ್ತು. ನೀನು ಉರ್ದುವಿನಲ್ಲಿ, ನಾನು ಕನ್ನಡ ಮತ್ತು ಮರಾಠಿಯಲ್ಲಿ. ತೊಗರಿ ಧಾರಣೆ, ಮಳೆಯ ಸುದ್ದಿ, ಬೀಸುವ ಹಾಡು. ಗಾಜಿನ ಆಚೆ ಮಷೀನಿನ ಮುಂದೆ ಮುನೀರೋದ್ದೀನ.

ಆಮೇಲೆ ನೀನು ಕನ್ನಡದಲ್ಲೂ ಓದತೊಡಗಿದೆ. ನಾನು ಹೇಳುವ ಮಾತನ್ನು ಉರ್ದು ಅಕ್ಷರದಲ್ಲಿ ಬರೆದುಕೊಂಡು ಮೈಕಿನ ಮುಂದೆ ಕೂಡುತ್ತಿದ್ದೆ. ಇದು ಗೊತ್ತಿದ್ದದ್ದು ನನಗೆ, ಮುನೀರೋದ್ದೀನನಿಗೆ, ಇಬ್ಬರಿಗೇ. ಕೇಳುವವರಿಗೆ ಏನೂ ತಿಳಿಯುತ್ತಿರಲಿಲ್ಲ. ನನ್ನ ಕನ್ನಡಕ್ಕಿಂತ ನಿನ್ನದೇ ಅವರಿಗೆ ಹಿಡಿಸಿತು.

ಖಟಕ ಚಿಂಚೋಳಿಯ ಶಾಲುಬಾಯಿ ಬಂದ ದಿನ ನೆನಪಿದೆಯೇ? ಶೇಂಗಾದ ಹೋಳಿಗೆ ಕಟ್ಟಿಕೊಂಡು ಎರಡು ಬಸ್ಸು ಹತ್ತಿ ಬಂದಿದ್ದಳು. ನಾನೇ ಬಾಗಿಲು ತೆಗೆದೆ. "ಬಾಯಿ, ನೀವು ಸ್ವಲ್ಪ ಬಾಜೂಕ ಸರೀರಿ, ನಾ ಗೌಹರಬಾಯಿಗಿ ನೋಡ್ಬೇಕು" ಅಂದಳು. ನೀನು ಹೋಳಿಗೆ ಮುರಿದು ಅರ್ಧ ನನಗೆ ಕೊಟ್ಟೆ. ಅದು ನನಗೆ ಗಂಟಲಲ್ಲಿ ಇಳಿಯಲಿಲ್ಲ. ನಿನಗೆ ಗಂಡನಿದ್ದ, ಮೈಲೂರಿನಲ್ಲಿ ಮನೆಯಿತ್ತು, ಈಗ ಊರೂರಿನ ಜನರೂ ನಿನ್ನವರಾದರು. ನನಗೆ ಆ ಕೋಣೆ ಒಂದೇ ಇತ್ತು.

ಐವತ್ತಾರರ ನವೆಂಬರಿನಲ್ಲಿ ನಾವು ಮೈಸೂರು ರಾಜ್ಯಕ್ಕೆ ಸೇರಿದೆವು. ಜನವರಿಯಲ್ಲಿ ಹೊಸ ಸಾಹೇಬರು ಬಂದರು. ಇನ್ನು ಕನ್ನಡ ಮಾತ್ರ, ಹೆಂಗಸರಲ್ಲಿ ಒಬ್ಬರೇ ಉಳಿಯುತ್ತೀರಿ ಎಂದರು. ಆ ಸಂಜೆಯ ಪ್ರಸಾರದಲ್ಲಿ ಇಬ್ಬರ ಓದನ್ನೂ ಕೇಳಿದರು. ಮರುದಿನ ನನ್ನೊಬ್ಬಳನ್ನೇ ಕರೆದು, "ಆಕೆಯ ದನಿ ನಿಮ್ಮದಕ್ಕಿಂತ ಚೆನ್ನಾಗಿದೆ. ಕನ್ನಡ ಸರಾಗವಾಗಿ ಓದುತ್ತಾರಲ್ಲವೇ?" ಎಂದು ಕೇಳಿದರು.

ಹೌದು ಅನ್ನಬಹುದಿತ್ತು. ನನಗೆ ಗೊತ್ತಿಲ್ಲ ಅನ್ನಬಹುದಿತ್ತು. "ಆಕಿಗಿ ಕನ್ನಡ ಅಕ್ಷರಾನೇ ಬರಂಗಿಲ್ಲರಿ. ಉರ್ದುದಾಗ ಬರ್ಕೊಂಡು ಹೇಳ್ತಾಳ್ರಿ. ಬೇಕಾದ್ರ ಹೊಸ ಹಾಳಿ ಕೊಟ್ಟು ನೋಡ್ರಿ" ಅಂದೆ.

ಹೊಸ ಹಾಳೆ ಕೊಡಿರೆಂದು ಹೇಳಿಕೊಟ್ಟವಳು ನಾನು, ಗೌಹರ. ಅದನ್ನು ಯಾರೂ ಕೇಳಿರಲಿಲ್ಲ.

ಆ ಸಂಜೆ ಸುದ್ದಿಗೆ ಅರ್ಧ ನಿಮಿಷ ಇರುವಾಗ ಸಾಹೇಬರು ನಿನ್ನ ಕೈಯ ಕಾಗದ ತೆಗೆದುಕೊಂಡು ಬೇರೊಂದನ್ನು ಕೊಟ್ಟರು. ಕೆಂಪು ದೀಪ ಹತ್ತಿತು. ನೀನು ಕಾಗದ ನೋಡಿದೆ, ಗಾಜಿನ ಈಚೆ ನನ್ನನ್ನು ನೋಡಿದೆ. ಮೂರು ತಾಲೂಕಿಗೂ ನಿನ್ನ ಉಸಿರು ಮಾತ್ರ ಕೇಳುತ್ತಿತ್ತು. ಮುನೀರೋದ್ದೀನ ಅಷ್ಟರಲ್ಲೇ ಹಾಡಿನ ಪ್ಲೇಟು ಹಚ್ಚಲು ಕೈ ಚಾಚಿದ್ದ. "ತಡೀರಿ, ಈಗ ಓದ್ತಾಳ" ಎಂದು ನಾನೇ ಅವನ ಕೈ ಹಿಡಿದೆ. ನಿನ್ನ ಗೆಳತಿ ಹೇಳುತ್ತಿದ್ದಾಳೆಂದು ಅವನು ತಡೆದ. ಹಾಡು ಶುರುವಾಗುವ ಹೊತ್ತಿಗೆ ನೀನು ಎದ್ದು ಹೊರಗೆ ಹೋಗಿದ್ದೆ.

"ಪ್ಲೇಟು ಯಾಕ ಲಗು ಹಚ್ಚಲಿಲ್ಲ?" ಎಂದು ಅಂಗಳದಲ್ಲಿ ನೀನು ಅವನನ್ನು ಕೇಳಿದಾಗ ನಾನು ಅಲ್ಲೇ ನಿಂತಿದ್ದೆ. ಮನೆಯಲ್ಲಿರು, ನೌಕರಿ ಸಾಕು ಎಂದು ಅವನು ಮೊದಲಿನಿಂದಲೂ ಅನ್ನುತ್ತಿದ್ದ, ಅದಕ್ಕೇ ಅವನ ಮೇಲೆ ನಿನಗೆ ಸಂಶಯ ಬಂತು. ಅವನು ಉತ್ತರ ಕೊಡಲಿಲ್ಲ. ನಾನೂ ಕೊಡಲಿಲ್ಲ. ವಾರದೊಳಗೆ ನೀನು ಹೈದರಾಬಾದಿನ ಬಸ್ಸು ಹತ್ತಿದೆ. ಹತ್ತಿಸಲು ಬಂದವಳೂ ನಾನೇ. ನೀನು ನನ್ನನ್ನು ತಬ್ಬಿಕೊಂಡು ಅಳುವಾಗಲೂ ನಾನು ಬಾಯಿ ಬಿಡಲಿಲ್ಲ.

ನನಗೆ ಸಿಕ್ಕದ್ದೇನು ಕೇಳು. ಏಳು ತಿಂಗಳು. "ಮನಿ ಅಲ್ಲ, ಮನೆ. ಸಾಲಿ ಅಲ್ಲ, ಶಾಲೆ" ಎಂದು ಸಾಹೇಬರು ದಿನವೂ ನನ್ನ ಹಾಳೆಯ ಮೇಲೆ ಕೆಂಪು ಗೆರೆ ಎಳೆದರು. ನಿನಗೆ ಕನ್ನಡ ಬರುವುದಿಲ್ಲ ಎಂದು ಹೇಳಿ ಉಳಿದವಳ ಕನ್ನಡವೂ ಕನ್ನಡವಾಗಲಿಲ್ಲ. ಆಗಸ್ಟಿನಲ್ಲಿ ಹುಕುಂ ಬಂತು: ಇಷ್ಟು ಸಣ್ಣ ಕೇಂದ್ರ ಬೇಕಿಲ್ಲ, ದೂರದ ದೊಡ್ಡ ಕೇಂದ್ರವೇ ಇಲ್ಲಿಗೂ ಕೇಳಿಸುತ್ತದೆ. ನಾಳೆಯಿಂದ ಈ ಕೇಂದ್ರ ಇರುವುದಿಲ್ಲ ಎಂದು ಓದಿದವಳು ನಾನು. ಮರುದಿನ ಕಂಬ ಬಿಚ್ಚಿ, ಮಷೀನನ್ನು ಗೋಣಿಯಲ್ಲಿ ಸುತ್ತಿ ಲಾರಿಗೆ ಹೇರಿದರು. ತಿಂಗಳ ನಂತರ ಭಾಲ್ಕಿ ಪೇಟೆಯಲ್ಲಿ ಶಾಲುಬಾಯಿ ಸಿಕ್ಕು, "ಗೌಹರಬಾಯಿ ಹ್ಯಾಂಗ ಹರ್ರಿ? ಆಕಿ ದನಿ ನಿಂತ ಮ್ಯಾಲ ನಾವು ರೇಡಿಯೋ ಹಚ್ಚೇ ಇಲ್ಲರಿ" ಅಂದಳು. ನನ್ನ ಕೊನೆಯ ಮಾತನ್ನು ಅವರ ಊರು ಕೇಳಿಯೇ ಇರಲಿಲ್ಲ.

ಅತ್ತೆಮನೆಗೆ ಮರಳಲಾಗಲಿಲ್ಲ. ಈಗ ಔರಾದಿನಲ್ಲಿ ಅಣ್ಣ ಗೋರಖನಾಥನ ಮನೆಯಲ್ಲಿದ್ದೇನೆ. ಎರಡು ಹೊತ್ತು ರೊಟ್ಟಿ ಬಡಿಯುತ್ತೇನೆ. ಬಾ ಅಂದರೆ ಬರುತ್ತೇನೆ, ಇಡು ಅಂದರೆ ಇಡುತ್ತೇನೆ. ಮಾತು ಅಷ್ಟೇ.

ಕ್ಷಮಿಸು ಎಂದು ಬರೆಯುವುದಿಲ್ಲ. ನೀನು ಕ್ಷಮಿಸಿದರೆ ಅದೂ ನನ್ನ ಗಂಟಲಲ್ಲಿ ಇಳಿಯುವುದಿಲ್ಲ. ಖುಲಾ ಬೇಕಾದರೆ ತೆಗೆದುಕೋ, ಅದು ನಿನ್ನ ಇಚ್ಛೆ. ಕಾರಣ ಮಾತ್ರ ಸುಳ್ಳು. ಹಿರಿಯರು ಸಾಕ್ಷಿ ಕೇಳಿದರೆ ಈ ಕಾಗದವನ್ನೇ ತೋರಿಸು.

ನಿನ್ನವಳೆಂದು ಬರೆಯುವ ಮೋರೆ ಇಲ್ಲದ
ಅಂಜನಾಬಾಯಿ

ತಾ.ಕ.: ಇದನ್ನು ಬರೆಯುವ ಮೊದಲು ಮೈಲೂರಿಗೆ ಹೋಗಿ ಮುನೀರೋದ್ದೀನನನ್ನು ಕಂಡೆ. ತಪ್ಪು ಒಪ್ಪಿಕೊಳ್ಳಲು ಹೋದರೆ ಅವನಿಗೆ ಎಲ್ಲವೂ ಗೊತ್ತಿತ್ತು. ಆ ಸಂಜೆಯೇ ಸಾಹೇಬರು ಅವನೆದುರು ನನ್ನ ಹೆಸರು ಹೇಳಿದ್ದರಂತೆ. ಮತ್ತೆ ಎರಡೂವರೆ ವರ್ಷ ಯಾಕೆ ಸುಮ್ಮನಿದ್ದೀರಿ ಅಂದೆ. "ನನ್ನ ಮ್ಯಾಲಿನ ಭರೋಸಾ ಆಕಿಗಿ ಹೋಗೇ ಬಿಟ್ಟಿತ್ತರಿ. ಇದ್ದೊಬ್ಬ ಗೆಳತೀನೂ ಯಾಕ ಕಸಗೋಲಿ? ಆಕಿ ಕೇಳಿದಂಗ ಬರ್ದು ಕೊಟ್ಟುಬಿಡ್ರಿ ಅಂಜನಾಬಾಯಿ, ನಾ ಸಹಿ ಮಾಡ್ತೇನಿ" ಅಂದ. ಅವನ ಮಾತು ಮೀರಿ ಈ ಕಾಗದ ಅಂಚೆಗೆ ಹಾಕುತ್ತಿದ್ದೇನೆ.