ನಿಮ್ಮ ಸ್ಕೂಟರಿನ ಬ್ರೇಕು

ಅಪ್ಪಾ,

ನಿಮ್ಮ ಸ್ಕೂಟರಿನ ಬ್ರೇಕ್ ಸರಿಮಾಡಿಸಲು ಇವತ್ತು ಗ್ಯಾರೇಜಿಗೆ ಹೋಗಿದ್ದೆ. ದಾಖಲೆಯಲ್ಲಿ ನಿಮ್ಮ ಹೆಸರು ನೋಡಿ ಮೆಕ್ಯಾನಿಕ್ ಸ್ಪ್ಯಾನರ್ ಕೆಳಗಿಟ್ಟ. ಕುಡಿದು ಲಾರಿ ಓಡಿಸಿ ಒಬ್ಬರ ಕಾಲು ಮುರಿದಿದ್ದ ಡ್ರೈವರ್ ಅವನು. ನ್ಯಾಯಾಧೀಶರಾಗಿ ನೀವೇ ಜೈಲಿಗೆ ಕಳಿಸಿದವನು.

“ವಕೀಲರು ಎಲ್ಲಾ ತಪ್ಪೂ ಕುಡಿತದ್ದು ಅಂದ್ರು ಮೇಡಂ. ಸಾಹೇಬ್ರು ಮಾತ್ರ ‘ಬಾಟಲಿ ಎತ್ತಿದ ಕೈ ನಿಂದೇ ತಾನೇ? ಇಳಿಸೋದೂ ಅದೇ ಕೈ’ ಅಂದ್ರು. ಅವತ್ತು ಇಳಿಸಿದ್ದು, ಮತ್ತೆ ಎತ್ತಿಲ್ಲ.”

ಕುಡಿತಕ್ಕೆ ಸಿಕ್ಕವನಿಗೆ ಕರುಣೆ ತೋರಲಿಲ್ಲವೆಂದು ಆ ತೀರ್ಪಿಗೇ ನಿಮ್ಮನ್ನು ಕಲ್ಲೆದೆಯವರೆಂದು ಜರೆದು, ನೀವು ತೀರಿಕೊಳ್ಳುವವರೆಗೂ ಮಾತು ಬಿಟ್ಟಿದ್ದೆ. ನಿಮ್ಮ ಪರ ನಿಂತ ತಮ್ಮನೊಂದಿಗೂ ಮಾತಿಲ್ಲ. ಕೋಪದಲ್ಲಿ ಹಾಗಾಯಿತೆಂದು ಎಲ್ಲರಿಗೂ ಹೇಳಿಕೊಂಡು ಬಂದೆ.

ಈಗ ತಮ್ಮನ ಮನೆಯ ಮುಂದೆಯೇ ಸ್ಕೂಟರ್ ನಿಲ್ಲಿಸಿ, ಗ್ಯಾರೇಜಿನ ಚೀಟಿಯ ಹಿಂದೆ ಇದನ್ನು ಬರೆಯುತ್ತಿದ್ದೇನೆ. ಬ್ರೇಕ್ ಚೆನ್ನಾಗಿ ಹಿಡಿಯುತ್ತದೆ. ಇನ್ನು ಕರೆಗಂಟೆ ಒತ್ತಬೇಕು. ಕೈ ನನ್ನದೇ ತಾನೇ?