ಅಂಜನಮೂರ್ತಿಯವರ ಅಂಗಿ

ತುಮಕೂರು
14-5-1961

ದೊಡ್ಡಮನೆ ಕೊಲ್ಲಾಪುರಮ್ಮನವರಿಗೆ, ನಿಮ್ಮೂರಿನ ಅಗಸರ ಮುದ್ದಯ್ಯನ ಮಗಳು ರುದ್ರಾಣಿಯ ನಮಸ್ಕಾರಗಳು.

ಗುಬ್ಬಿಯಿಂದ ರೈಲಿನಲ್ಲಿ ಕರೆತಂದು ಅಪ್ಪನನ್ನು ಇಲ್ಲಿ ಆಸ್ಪತ್ರೆಗೆ ಸೇರಿಸಿದ್ದೇನೆ. ಬಲಗೈ ಮುರಿದಿದೆ. ಇನ್ನು ಬಟ್ಟೆ ಎತ್ತಿ ಒಗೆಯಲಾಗದು ಎಂದರು ಡಾಕ್ಟರು. ಒಂದು ಕಿವಿಯೂ ಕೇಳಿಸುತ್ತಿಲ್ಲ. ನನ್ನ ಕಂದ ನಿದ್ದೆಯಲ್ಲಿ ಬೆಚ್ಚುತ್ತಾನೆ, ನನಗಂತೂ ನಿದ್ದೆಯೇ ಇಲ್ಲ.

ಚಿಕ್ಕವಳಿದ್ದಾಗ ಒಗೆಯಲು ಬಂದ ನಿಮ್ಮ ಮನೆಯ ಬಟ್ಟೆಯನ್ನೇ ಉಟ್ಟು ಮದುವೆಗಳಿಗೆ ಹೋಗುತ್ತಿದ್ದೆ. ನಮ್ಮವರಲ್ಲಿ ಅದು ರೂಢಿ, ನೀವೂ ನೋಡಿ ನಗುತ್ತಿದ್ದಿರಿ. ಆದರೆ ಮಗುವಿನ ನಾಮಕರಣಕ್ಕೆ ಉಟ್ಟಿದ್ದ ಹಸಿರು ರೇಷ್ಮೆ ಸೀರೆ ನನ್ನ ಯಜಮಾನರು ಕೊಡಿಸಿದ್ದು. ನಿಮ್ಮ ಮಗ ಅಂಜನಮೂರ್ತಿಯವರು, "ಕಾಲೇಜ್ ಓದ್ಬುಟ್ರೆ ನಮ್ಮವ್ವನ ಸೀರೆ ಉಡ್ಬೋದೇನೇ? ಬಿಚ್ಚೇ!" ಎಂದು ಸೆರಗಿಗೆ ಕೈ ಹಾಕಿದರು. "ಅದು ಮಗಳ್ದೇ ಸೀರೆ, ಬುದ್ಧಿ" ಎಂದು ಅಡ್ಡ ಬಂದ ಅಪ್ಪನನ್ನು ನಮ್ಮ ಬಟ್ಟೆ ಒಣಹಾಕುವ ಗಳುವಿನಿಂದಲೇ ಬಡಿದರು. ಬಿದ್ದ ಮೇಲೂ ಬಡಿದರು.

ದಯವಿಟ್ಟು ನಿಮ್ಮ ಪೆಟ್ಟಿಗೆ ತೆಗೆದು ನೋಡಿ. ನಿಮ್ಮ ಹಸಿರು ಸೀರೆ ಅಲ್ಲೇ ಇರುತ್ತದೆ. ಅದನ್ನು ಮಗನಿಗೆ ತೋರಿಸಿ.

ಮಾರನೆಯ ದಿನ ನಿಮ್ಮ ಆಳು ಎಂದಿನಂತೆ ಮೈಲಿಗೆ ಬಟ್ಟೆಯ ಗಂಟು ತಂದು ಹಾಕಿದ. ಅದರಲ್ಲಿ ಅಪ್ಪನ ರಕ್ತ ಮೆತ್ತಿದ ಅಂಜನಮೂರ್ತಿಯವರ ಅಂಗಿಯಿತ್ತು. ಅವ್ವ ಅದನ್ನೂ ನೆನೆಹಾಕಲು ಹೋದಳು. ನಾನು ಕಿತ್ತುಕೊಂಡೆ.

ನಾವು ವೀರಭದ್ರನ ಕುಲವೆಂದು ಅಪ್ಪ ಹೇಳುತ್ತಿದ್ದರು. ದಕ್ಷಯಜ್ಞದಲ್ಲಿ ರಕ್ತ ಹರಿಸಿದ ಪಾಪಕ್ಕೆ ಅವನೇ ಲೋಕದ ಬಟ್ಟೆ ಒಗೆದನಂತೆ. ನಿಮ್ಮ ಮಗನೂ ಒಗೆಯಲಿ. ಅಂಗಿಯನ್ನು ಹಾಗೆಯೇ ಕಳಿಸಿದ್ದೇನೆ. ತಣ್ಣೀರಿನಲ್ಲಿ ನೆನೆಸಲು ಹೇಳಿ, ಬಿಸಿನೀರು ಹಾಕಿದರೆ ಕಲೆ ಕೂತುಬಿಡುತ್ತದೆ.

ಇತಿ,
ರುದ್ರಾಣಿ